ತೆರೇಸಿಯೊ ಬರುವ ತನಕ ಗ್ರೆಮೊಲಾದಾ ಇಲ್ಲ

ಎರ್ಮಿನಿಯಕ್ಕನ ಮಗ ತೆರೇಸಿಯೊನ ಸುದ್ದಿ ತಂದಿದ್ದೇನೆ ಎಂದು ಮಿಲಾನಿನ ನಮ್ಮ ವಠಾರದ ಬಾಗಿಲಿಗೆ ಬಂದವರಲ್ಲಿ ಅವನು ಮೂರನೆಯವನು. ಹಿಂದಿನ ಇಬ್ಬರೂ ಕಳ್ಳರು. ಹಾಗಾಗಿ ಇವನನ್ನು ಕಂಡ ಕೂಡಲೇ ನನ್ನ ಮೈಯೆಲ್ಲ ಉರಿದುಹೋಯಿತು. ನನ್ನ ಜಾಗದಲ್ಲಿ ಯಾರಿದ್ದರೂ ಹಾಗೇ ಆಗುತ್ತಿತ್ತು.

ಮೊದಲನೆಯವನು ಯುದ್ಧ ಮುಗಿದ ಬೇಸಿಗೆಯಲ್ಲೇ ಬಂದಿದ್ದ. ತೆರೇಸಿಯೊನನ್ನು ಆಸ್ಟ್ರಿಯಾದ ಆಸ್ಪತ್ರೆಯೊಂದರಲ್ಲಿ ನೋಡಿದೆ, ಕೆನ್ನೆ ತುಂಬಿಕೊಂಡಿದ್ದಾನೆ, ಸದ್ಯದಲ್ಲೇ ಬರುತ್ತಾನೆ, ಆದರೆ ಪಾಪ ಚಳಿಗೆ ಹಾಕಿಕೊಳ್ಳಲು ಏನೂ ಇಲ್ಲ ಎಂದ. ಎರ್ಮಿನಿಯಕ್ಕ ಸತ್ತುಹೋದ ಗಂಡ ತುಲ್ಲಿಯೊನ ಓವರ್‌ಕೋಟನ್ನು ಪೆಟ್ಟಿಗೆಯಿಂದ ತೆಗೆದು, ಬ್ರಷ್ಷು ಹಾಕಿ ಉಜ್ಜಿ, ಮಡಿಸಿ ಅವನ ಕೈಗೆ ಕೊಟ್ಟಳು. ಈಗ ಅದು ಯಾವ ಖದೀಮನ ಮೈಮೇಲಿದೆಯೋ! ಎರಡನೆಯವಳು ಹೆಂಗಸು. ನಿಮ್ಮ ಮಗ ಪೋಲೆಂಡಿನಲ್ಲಿ ಮದುವೆಯಾಗಿದ್ದಾನೆ, ಮಗು ಹುಟ್ಟಿದೆ, ಥೇಟ್ ನಿಮ್ಮದೇ ಮೂಗು ಎಂದಳು. ತೆರೇಸಿಯೊ ಮಗುವಾಗಿದ್ದಾಗಿನ ಬಟ್ಟೆಗಳು, ಜೊತೆಗೆ ಅಡುಗೆಮನೆಯಲ್ಲಿ ತೂಗುಹಾಕಿದ್ದ ಸಾಸೇಜಿನ ಮಾಲೆ, ಎರಡೂ ಅವಳ ಚೀಲ ಸೇರಿದವು. ಇಬ್ಬರೂ ಹೇಳಿದ್ದು ಒಂದೇ ಮಾತು, ಬದುಕಿದ್ದಾನೆ ಅಂತ. ಆ ಒಂದು ಮಾತು ಹೇಳಿದವರಿಗೆ ಅವಳು ಮನೆಯನ್ನೇ ಎತ್ತಿಕೊಟ್ಟುಬಿಡುತ್ತಿದ್ದಳು.

ನಾನು ಪಾಲ್ಮೀರಾ. ಎರಡನೆಯ ಮಹಡಿಯಲ್ಲಿ ಎರ್ಮಿನಿಯಕ್ಕನ ಪಕ್ಕದ ಮನೆ, ಪ್ಯಾಂಟು ಹೊಲಿಯುವುದು ಕಸುಬು. ಸಾಲು ಮನೆಗಳ ಮುಂದೆ ಒಂದೇ ಕಬ್ಬಿಣದ ಕಟಕಟೆ, ಅಂಗಳಕ್ಕೆ ಒಂದೇ ಕೊಳಾಯಿ, ಮೂಲೆಯಲ್ಲಿ ಎಲ್ಲರಿಗೂ ಸೇರಿ ಒಂದು ಪಾಯಿಖಾನೆ. ಇಂಥ ಕಡೆ ಒಬ್ಬರ ಮನೆಯ ಗುಟ್ಟು ಇನ್ನೊಬ್ಬರಿಗೆ ಗೊತ್ತಿಲ್ಲ ಎಂದರೆ ಯಾರೂ ನಂಬುವುದಿಲ್ಲ. ನನ್ನ ಬಾಯಿ ಸ್ವಲ್ಪ ಜಾಸ್ತಿ ಎಂದು ಎಲ್ಲರೂ ಅನ್ನುತ್ತಾರೆ. ಅನ್ನಲಿ. ಹೊತ್ತು ಸಿಕ್ಕಾಗ ಕೆಳಗಿಳಿದು ಎರ್ಮಿನಿಯಕ್ಕನ ಖಾನಾವಳಿಯಲ್ಲಿ ತಟ್ಟೆ ಹಂಚುವುದೂ ಇದೇ ಬಾಯಿಯವಳೇ. ಖಾನಾವಳಿ ಕೆಳಗಿನ ಅಂತಸ್ತಿನಲ್ಲಿ, ಕಾಲುವೆಗೆ ಮುಖ ಮಾಡಿಕೊಂಡಿದೆ. ದೋಣಿಗಳಲ್ಲಿ ಮರಳು ತರುವವರು, ಟ್ರಾಮಿನವರು, ಗಾರೆ ಕೆಲಸದವರು ಅಲ್ಲಿ ಉಣ್ಣುತ್ತಾರೆ.

ಕರುವಿನ ಕಾಲಿನ ನಲ್ಲಿಮೂಳೆಯನ್ನು ಮಾಂಸದ ಸಮೇತ ಅಡ್ಡಡ್ಡ ಕೊಯ್ದು ಸಣ್ಣ ಉರಿಯಲ್ಲಿ ಬೇಯಿಸುವುದು ಮಿಲಾನಿನಲ್ಲಿ ಯಾರಿಗೆ ಬರುವುದಿಲ್ಲ? ಆದರೆ ಒಲೆಯಿಂದ ಇಳಿಸಿದ ಮೇಲೆ ಅದರ ಮೇಲೆ ಉದುರಿಸುವ ಗ್ರೆಮೊಲಾದಾ ಇದೆಯಲ್ಲ, ನಿಂಬೆಯ ಹಳದಿ ಸಿಪ್ಪೆ, ಒಂದಿಷ್ಟೇ ಬೆಳ್ಳುಳ್ಳಿ, ಪಾರ್ಸ್ಲಿ ಸೊಪ್ಪು, ಮೂರನ್ನೂ ಹಸಿಯಾಗಿಯೇ ನುಣ್ಣಗೆ ಕೊಚ್ಚಿದ್ದು, ಅದು ಎರ್ಮಿನಿಯಕ್ಕನ ಕೈಯದ್ದೇ ಆಗಬೇಕಿತ್ತು. ಅವಳು ಮುಚ್ಚಳ ತೆಗೆದರೆ ದೋಣಿಯಲ್ಲಿದ್ದವರು ಮೂಗು ಎತ್ತುತ್ತಿದ್ದರು. ಇಟಲಿ ಯುದ್ಧದಿಂದ ಹಿಂದೆ ಸರಿದಾಗ ತೆರೇಸಿಯೊ ಗ್ರೀಸಿನಲ್ಲಿ ಜರ್ಮನರಿಗೆ ಸೆರೆಸಿಕ್ಕ ಎಂಬ ಸುದ್ದಿ ಬಂದ ದಿನ ಅವಳು ಸೊಪ್ಪು ಕೊಚ್ಚುವ ಬಾಗುಗತ್ತಿಯನ್ನು ತೊಳೆದು, ಒರೆಸಿ, ಬಟ್ಟೆಯಲ್ಲಿ ಸುತ್ತಿ ಅಟ್ಟದ ಮೇಲಿಟ್ಟಳು. "ಅವ್ನು ಬಂದು ಈ ಬೆಂಚಿನ ಮೇಲೆ ಕೂರೋ ತನಕ ಈ ಕೈ ಗ್ರೆಮೊಲಾದಾ ಕೊಚ್ಚಲ್ಲ" ಎಂದಳು. ಯುದ್ಧದಲ್ಲಿ ನಿಂಬೆಯೂ ಇರಲಿಲ್ಲ, ಮಾಂಸವೂ ಇರಲಿಲ್ಲ, ಆ ಮಾತು ಯಾರಿಗೂ ಭಾರವಾಗಲಿಲ್ಲ. ಯುದ್ಧ ಮುಗಿಯಿತು. ಸಿಸಿಲಿಯಿಂದ ನಿಂಬೆ ಬಂತು, ಆಗೊಮ್ಮೆ ಈಗೊಮ್ಮೆ ಕರುವಿನ ಮಾಂಸವೂ ಬಂತು. ನಲ್ಲಿಮೂಳೆ ಮಾತ್ರ ಬೋಳುಬೋಳಾಗಿಯೇ ತಟ್ಟೆಗೆ ಬೀಳುತ್ತಿತ್ತು.

ಯಾರೂ ಗೊಣಗಲಿಲ್ಲ. ದೋಣಿಯ ಬತ್ತಿಸ್ತಾ ಮಹಾ ಜಗಳಗಂಟ, ಲೋಟದಲ್ಲಿ ವೈನು ಒಂದು ಬೆರಳು ಕಮ್ಮಿಯಾದರೂ ಖಾನಾವಳಿಯನ್ನೇ ತಲೆಯ ಮೇಲೆ ಹೊತ್ತುಕೊಳ್ಳುವವನು. ಅವನು ಕೂಡ ಮೊದಲು ತಟ್ಟೆ ನೋಡುತ್ತಿದ್ದ, ಆಮೇಲೆ ಅಡುಗೆಮನೆಯ ಬಾಗಿಲು ನೋಡುತ್ತಿದ್ದ, ಆಮೇಲೆ ತಲೆ ತಗ್ಗಿಸಿ ತಿನ್ನುತ್ತಿದ್ದ. ತಟ್ಟೆಯಲ್ಲಿ ಹಸಿರು ಕಂಡರೆ ತೆರೇಸಿಯೊ ಮನೆಗೆ ಬಂದ ಎಂದೇ ಅರ್ಥ. ಇದು ಕಾಲುವೆಯ ಆಚೆ ದಡದವರಿಗೂ ಗೊತ್ತಿತ್ತು.

ಮೂರನೆಯವನು ಬಂದದ್ದು ನಲವತ್ತಾರರ ಅಕ್ಟೋಬರಿನಲ್ಲಿ. ಮಧ್ಯಾಹ್ನದ ಗಿರಾಕಿಗಳು ಎದ್ದುಹೋಗಿದ್ದರು. ಎರ್ಮಿನಿಯಕ್ಕ ಒಲೆಯ ಮುಂದೆ ಇದ್ದಳು, ನಾನು ಹುರುಳಿಕಾಯಿ ಬಿಡಿಸುತ್ತಾ ಕೂತಿದ್ದೆ. ಬಾಗಿಲಲ್ಲಿ ಟೋಪಿ ಕೈಯಲ್ಲಿ ಹಿಡಿದುಕೊಂಡು ಒಬ್ಬ ನಿಂತಿದ್ದ. ಮೂವತ್ತರ ವಯಸ್ಸಿರಬಹುದು. ಅಂಗಿಯ ಕೊರಳಪಟ್ಟಿಯೊಳಗೆ ಇನ್ನೊಂದು ಕತ್ತು ಹಿಡಿಸುವಷ್ಟು ಜಾಗವಿತ್ತು.

"ತೆರೇಸಿಯೊ ಅವರ ತಾಯಿ ಮನೆ ಇದೇನಾ?" ಎಂದ. ಮಾತಿನ ಧಾಟಿ ತೀರಾ ದಕ್ಷಿಣದ್ದು.

"ಊಟ ಮುಗೀತು. ಕೋಟೂ ಮುಗೀತು, ಸಾಸೇಜೂ ಮುಗೀತು. ನಿಂಗೇನು ಬೇಕಪ್ಪಾ?" ಎಂದೆ ನಾನು.

ಅವನಿಗೆ ಅರ್ಥವಾಗಲಿಲ್ಲ. ಎರ್ಮಿನಿಯಕ್ಕ ಕೈ ಒರೆಸಿಕೊಳ್ಳುತ್ತಾ ಮುಂದೆ ಬಂದಳು. "ನಾನೇ. ಒಳಗೆ ಬಾ. ಎಲ್ಲಿದಾನೆ ನನ್ ಮಗ?"

ಅವನು ಒಳಗೆ ಬರಲಿಲ್ಲ. ನಿಂತಲ್ಲೇ ಟೋಪಿಯನ್ನು ತಿರುಗಿಸಿದ. "ಅಮ್ಮಾ, ನನ್ ಹೆಸರು ದೊನಾತೊ. ಜರ್ಮನಿ ಕ್ಯಾಂಪಲ್ಲಿ ಅವನೂ ನಾನೂ ಒಂದೇ ಹಲಗೆ ಮೇಲೆ ಮಲಗ್ತಿದ್ವಿ. ಅವನು ಹೋಗ್ಬಿಟ್ಟ ಅಮ್ಮಾ. ಹೋದ ವರ್ಷ ಫೆಬ್ರವರೀಲಿ."

ಎರ್ಮಿನಿಯಕ್ಕ ಅಳಲಿಲ್ಲ. ನಿಜ ಹೇಳುತ್ತೇನೆ, ಅವಳು ನಕ್ಕಳು. "ನೋಡೇ ಪಾಲ್ಮೀರಾ, ಇವನು ಹೊಸ ಥರದವನು. ಆ ಇಬ್ರು ಬದುಕಿದಾನೆ ಅಂತ ಸುಳ್ಳು ಹೇಳಿದ್ರು. ಇವನು ಸತ್ತ ಅಂತ ಹೇಳ್ತಿದಾನೆ. ಅವರ ಮಾತು ಸುಳ್ಳಾದ್ರೆ ಇವನದು ಯಾಕಾಗ್ಬಾರ್ದು?"

"ಸತ್ತೋರ ಮನೇಲಿ ಊಟ ಗ್ಯಾರಂಟಿ ಅಲ್ವಾ, ಅದಕ್ಕೇ," ಎಂದೆ. "ಅಲ್ಲಯ್ಯಾ, ಒಂದೂವರೆ ವರ್ಷದಿಂದ ಎಲ್ಲಿ ಹೋಗಿದ್ದೆ? ಮಿಲಾನಿನ ದಾರಿ ಮರೆತುಹೋಗಿತ್ತಾ?"

"ಎದೆ ರೋಗ, ಅಕ್ಕಾ. ಆಸ್ಪತ್ರೆಯಿಂದ ಬಿಟ್ಟಿದ್ದು ಈಗ ಬೇಸಿಗೇಲಿ. ಮೊದ್ಲು ನಮ್ಮಮ್ಮನ್ನ ನೋಡ್ಕೊಂಡು ಬಂದೆ."

"ಪುರಾವೆ ಏನಿದೆ? ಒಂದು ಫೋಟೊ, ಒಂದು ಗುಂಡಿ, ಕೊರಳಲ್ಲಿದ್ದ ಮೇರಿಮಾತೆಯ ಪದಕ? ಏನೂ ಇಲ್ಲ, ಅಲ್ವಾ? ನಾವೇನು ಕಿವಿ ಮೇಲೆ ಹೂ ಇಟ್ಕೊಂಡು ಕೂತಿಲ್ಲಪ್ಪ."

"ಪದಕ ಕೊಟ್ಟು ಬ್ರೆಡ್ಡು ತಗೊಂಡ್ವಿ," ಎಂದ ಅವನು. "ಗುಂಡಿಗಳೂ ಹಾಗೇ ಹೋದ್ವು. ನನ್ ಹತ್ರ ಏನೂ ಇಲ್ಲ. ಅವನು ಹೇಳಿದ ಅಡುಗೆ ಒಂದಿದೆ, ಅಷ್ಟೇ."

ಕ್ಯಾಂಪಿನಲ್ಲಿ ಅವರ ಕೆಲಸ ಅದೇ ಆಗಿತ್ತಂತೆ. ಕೆಲಸದಿಂದ ಬಂದು, ಟರ್ನಿಪ್ಪಿನ ನೀರು ಕುಡಿದು, ಹಲಗೆಯ ಮೇಲೆ ಒತ್ತಿಕೊಂಡು ಮಲಗಿದಾಗ ಒಬ್ಬೊಬ್ಬರೂ ತಮ್ಮ ಮನೆಯ ಅಡುಗೆಯನ್ನು ಬಾಯಲ್ಲೇ ಮಾಡುತ್ತಿದ್ದರಂತೆ. ಆತುರ ಮಾಡುವ ಹಾಗಿಲ್ಲ. ಈರುಳ್ಳಿ ಹೆಚ್ಚುವುದನ್ನು ಬಿಟ್ಟು ನೇರ ಬೇಯಿಸಲು ಹೋದರೆ ಉಳಿದವರು ಬೈಯುತ್ತಿದ್ದರಂತೆ. ದೊನಾತೊ ತನ್ನ ಊರಿನ ಕಾಡುಗೆಡ್ಡೆಯನ್ನು ಮೆಣಸಿನಕಾಯಿ ಹಾಕಿ ಹುರಿಯುತ್ತಿದ್ದನಂತೆ. ತೆರೇಸಿಯೊನ ಸರದಿ ಬಂದಾಗಲೆಲ್ಲ ನಲ್ಲಿಮೂಳೆ.

"ನಾನು ಅದನ್ನ ಯಾವತ್ತೂ ತಿಂದಿಲ್ಲ. ನಮ್ ಕಡೆ ಕರು ಕೊಯ್ಯೋ ಯೋಗ್ಯತೆ ಯಾರಿಗಿದೆ? ಆದ್ರೆ ಮಾಡೋಕೆ ಬರತ್ತೆ. ಮಜ್ಜೆ ತೆಗೆಯೋ ಉದ್ದ ಚಮಚಕ್ಕೆ ನೀವು ಕಂದಾಯದವನು ಅಂತೀರಿ, ಮೂಳೆಯಿಂದಲೂ ವಸೂಲಿ ಮಾಡ್ತಾನೆ ಅಂತ. ಅದೂ ಗೊತ್ತು," ಎಂದ.

"ಅದು ಬೀದಿ ನಾಯಿಗೂ ಗೊತ್ತು," ಎಂದೆ ನಾನು.

ಎರ್ಮಿನಿಯಕ್ಕ ನನ್ನ ಕಡೆ ನೋಡಲಿಲ್ಲ. ಸ್ಟೂಲು ಎಳೆದು ಹತ್ತಿದಳು. ಅಟ್ಟದ ಮೇಲಿಂದ ಬಟ್ಟೆಯ ಗಂಟನ್ನು ಇಳಿಸಿದಳು. ಮೂರು ವರ್ಷದಿಂದ ಬಿಚ್ಚದ ಗಂಟು. ಎರಡು ಹಿಡಿಯ ಬಾಗುಗತ್ತಿಯನ್ನು ಹಲಗೆಯ ಮೇಲಿಟ್ಟಳು. ಪಕ್ಕದಲ್ಲಿ ನಿಂಬೆ, ಬೆಳ್ಳುಳ್ಳಿ, ಸೊಪ್ಪಿನ ಕಟ್ಟು ಜೋಡಿಸಿದಳು. ಆಮೇಲೆ, ನನ್ನ ಜಾಣೆ ನೋಡಿ, ಉಪ್ಪುಮೀನಿನ ಡಬ್ಬಿಯನ್ನೂ ಜೊತೆಗೆ ಇಟ್ಟಳು. ಕೆಲವರು ಗ್ರೆಮೊಲಾದಾಕ್ಕೆ ಉಪ್ಪುಮೀನು ಹಾಕುತ್ತಾರೆ, ಅವಳ ಮನೆಯಲ್ಲಿ ಯಾವತ್ತೂ ಹಾಕಿದವರಲ್ಲ.

"ನಾಳೆಗೆ ಅಂತ ಬೇಯ್ತಿದೆ," ಎಂದು ಒಲೆಯ ಮೇಲಿನ ಪಾತ್ರೆ ತೋರಿಸಿದಳು. "ಮೇಲೆ ಉದುರಿಸೋದನ್ನ ನೀನು ಮಾಡು. ನನ್ ಮಗ ಹೇಳ್ದಂಗೆ. ತಪ್ಪು ಮಾಡಿದ್ರೆ ಎದ್ದು ಹೋಗ್ತಾ ಇರು. ನಾನು ಪೊಲೀಸರನ್ನೂ ಕರೆಯಲ್ಲ, ಶಾಪಾನೂ ಹಾಕಲ್ಲ. ಖುಷಿಯಿಂದ ಕಳಿಸ್ಕೊಡ್ತೀನಿ."

ಖುಷಿಯಿಂದ ಎಂದಳು! ಅವನು ತಪ್ಪು ಮಾಡಿದರೆ ಮಗ ಎಲ್ಲೋ ಬದುಕಿದ್ದಾನೆ. ಸರಿ ಮಾಡಿದರೆ ಇಲ್ಲ. ಮಾತೆ ಮೇರಿಯಮ್ಮಾ, ಇವನು ಕಳ್ಳನಾಗಿರಲಿ, ಶುದ್ಧ ಕಳ್ಳನಾಗಿರಲಿ ಎಂದು ಬೇಡಿಕೊಂಡೆ.

ದೊನಾತೊ ಕೈ ತೊಳೆದುಕೊಂಡು ಬಂದ. ಉಪ್ಪುಮೀನಿನ ಡಬ್ಬಿಯನ್ನು ಒಂದು ಬೆರಳಿನಿಂದ ಆಚೆ ತಳ್ಳಿದ. "ಇದು ಬೇಡ. ಪಾವಿಯಾ ಊರಿನವನೊಬ್ಬ ಇದನ್ನ ಹಾಕ್ಬೇಕು ಅಂತಿದ್ದ. ತೆರೇಸಿಯೊ ಅವನ ಜೊತೆ ಎರಡು ದಿನ ಮಾತು ಬಿಟ್ಟಿದ್ದ."

"ಮೀನಿಲ್ಲ ಅಂತ ಇಲ್ಲಿ ಉಂಡವರು ಯಾರ್ ಬೇಕಾದ್ರೂ ಹೇಳಿರ್ತಾರೆ," ಎಂದೆ. ನನ್ನ ದನಿ ನನಗೇ ಕೇಳಿಸದಷ್ಟು ಸಣ್ಣಗಿತ್ತು.

ಅವನು ನಿಂಬೆಯ ಹಳದಿಯನ್ನಷ್ಟೇ ತೆಳ್ಳಗೆ ಹೆರೆದ. ಒಳಗಿನ ಬಿಳಿ ತಾಕಿದರೆ ಕಹಿ ಎಂದು ತನ್ನಷ್ಟಕ್ಕೆ ಗೊಣಗಿಕೊಂಡ. ಬೆಳ್ಳುಳ್ಳಿಯ ಎಸಳನ್ನು ಸೀಳಿ ನಡುವಿನ ಹಸಿರು ಮೊಳಕೆಯನ್ನು ಕಿತ್ತುಹಾಕಿದ. ಸೊಪ್ಪಿನ ಎಲೆ ಬಿಡಿಸಿ ದಂಟು ಬದಿಗಿಟ್ಟ. ಬಾಗುಗತ್ತಿ ಹಿಡಿದ ರೀತಿ ನೋಡಿದರೆ ಅದನ್ನು ಅವನು ಹುಟ್ಟಿದಾಗಿಂದ ಮುಟ್ಟಿರಲಿಲ್ಲ, ಬೆರಳು ಕೊಯ್ದುಕೊಳ್ಳುತ್ತಾನೋ ಎಂದು ನನಗೆ ಭಯ. ಆದರೆ ಯಾವುದರ ನಂತರ ಯಾವುದು ಎಂಬುದರಲ್ಲಿ ಒಂದು ಕಡೆಯೂ ತಡವರಿಸಲಿಲ್ಲ. ಒಂದೊಂದು ಸರಿಯಾದಾಗಲೂ ಎರ್ಮಿನಿಯಕ್ಕನ ಮುಖ ಬಿಳಿಚಿಕೊಳ್ಳುತ್ತಿತ್ತು.

"ಇದೂ ಇಲ್ಲಿ ಉಂಡವರು ಹೇಳಿರ್ಬೋದು," ಎಂದಳು ಅವಳು ಈ ಸಲ. ನನ್ನ ಮಾತನ್ನೇ.

ಆಗ ಅವನು ಕತ್ತಿ ಕೆಳಗಿಟ್ಟ. ಹಲಗೆ ನೋಡಿದ, ಅವಳನ್ನು ನೋಡಿದ. "ಅಮ್ಮಾ, ನೀವು ಒಂದು ಗಳಿಗೆ ಹೊರಗೆ ಹೋಗ್ತೀರಾ?"

ಅಬ್ಬ, ನನಗೆ ಎಷ್ಟು ಸಂತೋಷವಾಯಿತು! ಹಾರಿ ಎದ್ದೆ, ಹುರುಳಿಕಾಯಿ ನೆಲದ ತುಂಬ ಚೆಲ್ಲಿತು. "ನೋಡಿದ್ಯಾ ಅಕ್ಕಾ! ಬಂತು ನೋಡು ಬಣ್ಣ ಬಯಲಿಗೆ! ನೀನು ಹೊರಗೆ ಹೋದ್ರೆ ಇವನು ಚಮಚ ಚಾಕು ಎಲ್ಲ ಗಂಟು ಕಟ್ತಾನೆ. ಮುಂದೆ ಬರಲ್ಲ ಇವನಿಗೆ, ಸಿಕ್ಕಿಹಾಕ್ಕೊಂಡ! ನಡಿ, ನಡಿಯೋ ಆಚೆ!"

"ಚಮಚ ಅಲ್ಲ ಅಕ್ಕಾ," ಎಂದ ಅವನು. ಕಿವಿಯವರೆಗೂ ಕೆಂಪಾಗಿದ್ದ. "ಇಲ್ಲಿಂದ ಮುಂದಿಂದು ಅಮ್ಮನಿಗೆ ಗೊತ್ತಾಗ್ಬಾರ್ದು ಅಂತ ಅವನು ಪ್ರತಿ ಸಲಾನೂ ಹೇಳ್ತಿದ್ದ. ಆಣೆ ಹಾಕಿಸ್ಕೊಂಡಿದ್ದ. ಯಾಕೆ ಅಂತ ನಂಗೂ ಹೇಳಿಲ್ಲ. ನಿಮ್ ಹತ್ರ ಒಂದು ಹಸಿರು ಸೇಬು ಇದ್ಯಾ? ಸಿಪ್ಪೆ ಸಾಕು. ನಿಂಬೆಗಿಂತ ಕಮ್ಮಿ."

"ಸೇಬಾ!" ನಾನು ನಕ್ಕೆ. ಹೊಟ್ಟೆ ಹಿಡಿದುಕೊಂಡು ನಕ್ಕೆ. "ಗ್ರೆಮೊಲಾದಾಕ್ಕೆ ಸೇಬಿನ ಸಿಪ್ಪೆ! ಮಿಲಾನಿನಲ್ಲಿ ಮಗು ಕೂಡ ಇಂಥ ತಪ್ಪು ಮಾಡಲ್ಲ. ಬದುಕಿದಾನೆ ಅಕ್ಕಾ, ನಿನ್ ಮಗ ಬದುಕಿದಾನೆ! ಇವನು..."

ತಿರುಗಿ ನೋಡಿದರೆ ಎರ್ಮಿನಿಯಕ್ಕ ನಿಂತಲ್ಲಿ ಇರಲಿಲ್ಲ. ನೆಲದ ಮೇಲೆ, ಚೆಲ್ಲಿದ ಹುರುಳಿಕಾಯಿಯ ನಡುವೆ ಕೂತಿದ್ದಳು.

"ಬಾಯಿ ಮುಚ್ಚೇ ಪಾಲ್ಮೀರಾ," ಎಂದಳು, ಮೆಲ್ಲಗೆ. ನಾನು ಮುಚ್ಚಿದೆ.

ಆಮೇಲೆ ಅವಳೇ ಹೇಳಿದಳು. ತೆರೇಸಿಯೊಗೆ ಆಗ ಎಂಟು ವರ್ಷ. ಇವಳು ಜ್ವರ ಬಂದು ಮೇಲೆ ಮಲಗಿದ್ದಳು. ಅವತ್ತು ಭಾನುವಾರ, ಅಪ್ಪ ಮಗ ಸೇರಿ ಅಡುಗೆ ಮಾಡುತ್ತೇವೆ ಎಂದು ಹೊರಟರು. ಹುಡುಗ ನಿಂಬೆ ತರುವಾಗ ಅದನ್ನು ಎಸೆದು ಹಿಡಿದು ಆಡುತ್ತಾ ಕಾಲುವೆಗೆ ಬೀಳಿಸಿದ. ಅಷ್ಟರಲ್ಲಿ ಅಂಗಡಿ ಮುಚ್ಚಿತ್ತು. ಬೈಸಿಕೊಳ್ಳುವ ಭಯಕ್ಕೆ ಹಸಿರು ಸೇಬಿನ ಸಿಪ್ಪೆ ಹೆರೆದು ಕೊಚ್ಚಿ ಹಾಕಿದ. ತಟ್ಟೆ ಮೇಲಕ್ಕೆ ಬಂತು.

"ಮೊದಲನೇ ತುತ್ತಿಗೇ ಗೊತ್ತಾಯ್ತು ನಂಗೆ. ಜ್ವರ ಬಂದಿದ್ದು ಮೈಗೆ, ನಾಲಿಗೆಗಲ್ಲ. ತಲೆ ಎತ್ತಿ ನೋಡ್ತೀನಿ, ತುಲ್ಲಿಯೊ ಮಗನಿಗೆ ಕಣ್ಣು ಹೊಡೀತಿದಾನೆ. ಅವನಿಗೂ ಗೊತ್ತಾಗಿತ್ತು, ಮಗನ್ನ ಬಿಟ್ಟುಕೊಟ್ಟಿರ್ಲಿಲ್ಲ. ಚೆನ್ನಾಗಿದೆ ಕಣೋ ಅಂದೆ. ಸಂಜೆ ಬತ್ತಿಸ್ತಾ ಬಂದ, ನಿಮ್ ಹುಡುಗಂದು ದೋಣಿ ಹತ್ರ ತೇಲ್ತಿತ್ತು ಅಂತ ನಿಂಬೆ ಕೊಟ್ಟು ಹೋದ. ಅದನ್ನ ದಿಂಬಿನ ಕೆಳಗೆ ಬಚ್ಚಿಟ್ಟೆ. ಆಮೇಲೆ ಅವರಿಬ್ರೇ ಅಡುಗೆ ಮಾಡ್ದಾಗೆಲ್ಲ ನಿಂಬೆ ಜೊತೆ ಒಂಚೂರು ಸೇಬು. ಅಮ್ಮನಿಗೆ ಗೊತ್ತಿಲ್ಲ ಅಂತ ಇಬ್ರಿಗೂ ಎಷ್ಟು ನಗು! ಅವರ ಗುಟ್ಟು ಅವರಿಗಿರ್ಲಿ ಅಂತ ಬಿಟ್ಟಿದ್ದೆ. ತುಲ್ಲಿಯೊ ಹೋಗೋವಾಗ್ಲೂ ಹೇಳ್ಲಿಲ್ಲ ನಾನು. ನಿಂಗೆ ಹೇಳಿದೀನೇನೇ ಪಾಲ್ಮೀರಾ, ಯಾವತ್ತಾದ್ರೂ?"

ಹೇಳಿರಲಿಲ್ಲ. ಒಂದೇ ಕಟಕಟೆಯ ಮೇಲೆ ಇಪ್ಪತ್ತು ವರ್ಷ ಬಟ್ಟೆ ಒಣಗಿಸಿದ ನನಗೇ ಗೊತ್ತಿರಲಿಲ್ಲ. ತುಲ್ಲಿಯೊ ಮಣ್ಣಿನಲ್ಲಿದ್ದ. ಅದನ್ನು ಹೇಳಬಲ್ಲವನು ಭೂಮಿಯ ಮೇಲೆ ಒಬ್ಬನೇ ಇದ್ದ, ಅವನು ಈ ದೊನಾತೊನಿಗೆ ಹೇಳಿದ್ದ.

"ಸಾಯೋವಾಗ ಹೇಗಿದ್ದ?" ಎಂದು ಕೇಳಿದಳು.

ದೊನಾತೊ ನನ್ನನ್ನು ನೋಡಿದ. ಹೇಳು ಎಂದು ತಲೆಯಾಡಿಸಿದೆ.

"ಉಸಿರು ಸಾಲ್ತಿರ್ಲಿಲ್ಲ ಅಮ್ಮಾ. ಅವತ್ತು ಅವನ ಸರದಿ. ನಂಗಾಗಲ್ಲ, ನೀನೇ ಮಾಡು ಅಂದ. ನಾನು ಹೇಳ್ತಾ ಹೋದೆ. ಬೆಣ್ಣೆ ಹಾಕ್ದೆ, ಹಿಟ್ಟಲ್ಲಿ ಹೊರಳಿಸ್ದೆ, ವೈನು ಹೊಯ್ದೆ. ಉರಿ ಸಣ್ಣ ಮಾಡು ಅಂದ. ಮಾಡ್ದೆ. ನಿಂಬೆ ಹೆರೆದು ಸೇಬು ತಗೊಳೋ ಹೊತ್ತಿಗೆ ಅವನ ಕೈ ನನ್ ಕೈಯಲ್ಲಿ ಸಡಿಲ ಆಯ್ತು. ನಂಗೆ ಗೊತ್ತಾಯ್ತು. ಆದ್ರೂ ನಿಲ್ಲಿಸ್ಲಿಲ್ಲ, ಪೂರ್ತಿ ಮಾಡ್ದೆ. ಸುತ್ತ ಇದ್ದೋರು ಕೇಳ್ತಿದ್ರು."

ಎರ್ಮಿನಿಯಕ್ಕ ಎದ್ದಳು. ಎಬ್ಬಿಸಲು ಹೋದ ನನ್ನ ಕೈಯನ್ನು ಸರಿಸಿದಳು. ಬುಟ್ಟಿಯಿಂದ ಸೇಬು ತೆಗೆದು ಅವನ ಮುಂದಿಟ್ಟಳು. ಅವನು ಸಿಪ್ಪೆ ಹೆರೆದು, ಎಲ್ಲದರ ಜೊತೆ ಸೇರಿಸಿ ಕೊಚ್ಚಿದ. ಪಾತ್ರೆಯನ್ನು ಅವಳೇ ಇಳಿಸಿದಳು, ಅವನು ಉದುರಿಸಿದ, ಅವಳು ಮುಚ್ಚಳ ಮುಚ್ಚಿ ಮೇರಿಯಮ್ಮನ ಒಂದು ಜಪ ಮುಗಿಯುವಷ್ಟು ಹೊತ್ತು ಅದರ ಮೇಲೆ ಕೈಯಿಟ್ಟುಕೊಂಡು ನಿಂತಳು. ತುಟಿ ಮಾತ್ರ ಅಲ್ಲಾಡಲಿಲ್ಲ.

"ಕೂತ್ಕೊಂಡು ತಿನ್ನು," ಎಂದಳು.

"ನೀವೂ..."

"ನೀನು ತಿನ್ನು. ಅವನು ನಿನ್ನ ಕರ್ಕೊಂಡ್ ಬರ್ತೀನಿ ಅಂದಿದ್ದ ತಾನೇ?"

"ಅಂದಿದ್ದ," ಎಂದ ದೊನಾತೊ. ತಿನ್ನುತ್ತಾ ಅತ್ತ. ಅಷ್ಟು ಹಸಿದವನು ಅಷ್ಟು ನಿಧಾನಕ್ಕೆ ತಿಂದದ್ದನ್ನು ನಾನು ನೋಡಿಲ್ಲ. ಮೂಳೆಯೊಳಗೆ ಕಂದಾಯದವನನ್ನು ಇಳಿಸುವುದು ಬಾರದೆ ಒದ್ದಾಡಿದಾಗ ಎರ್ಮಿನಿಯಕ್ಕ ಚಮಚ ತೆಗೆದುಕೊಂಡು ತಾನೇ ಮಜ್ಜೆ ತೆಗೆದುಕೊಟ್ಟಳು.

ಮಾರನೆಯ ದಿನ ಅವಳು ಖಾನಾವಳಿ ಮುಚ್ಚುತ್ತಾಳೆ ಎಂದುಕೊಂಡಿದ್ದೆ. ಮುಚ್ಚಲಿಲ್ಲ. ಬೆಳಗ್ಗೆಯೇ ಒಲೆ ಹೊತ್ತಿಸಿದ್ದಳು. ಗಿರಾಕಿಗಳೆಲ್ಲ ಕೂತ ಮೇಲೆ ಒಳಗಿನಿಂದ ಬಾಗುಗತ್ತಿಯ ಟಕಟಕ ಸದ್ದು ಕೇಳಿತು. ನನ್ನ ಮಂದಬುದ್ಧಿಗೆ ಆಗಲೂ ಏನೂ ಹೊಳೆಯಲಿಲ್ಲ, ತಟ್ಟೆಗಳನ್ನು ಎತ್ತಿಕೊಂಡು ಹೊರಗೆ ಬಂದೆ. ಬತ್ತಿಸ್ತಾನ ಮುಂದೆ ಇಟ್ಟೆ. ಅವನು ತಟ್ಟೆ ನೋಡಿದ.

ತಟ್ಟೆಯಲ್ಲಿ ಹಸಿರಿತ್ತು.

"ಬಂದ್ನಾ?" ಎಂದ. ಬೆಂಚು ಬೀಳಿಸಿಕೊಂಡು ಎದ್ದ. "ಲೋ, ನೋಡ್ರೋ! ಹಸಿರು! ಬಂದ್ಬಿಟ್ನಲ್ರೋ ನಮ್ ಹುಡುಗ!"

ಇಡೀ ಖಾನಾವಳಿ ಎದ್ದು ನಿಂತಿತು. ಮೇಜು ಗುದ್ದಿದರು, ಲೋಟ ಎತ್ತಿದರು, ಯಾರೋ ಸಿಳ್ಳೆ ಹೊಡೆದರು. ಟ್ರಾಮಿನವನೊಬ್ಬ ನನ್ನ ಕೆನ್ನೆಗೆ ಮುತ್ತು ಕೊಟ್ಟ. ಎಲ್ಲಿ, ಎಲ್ಲಿ ಅಡಗಿಸಿಟ್ಟಿದೀಯಾ ಅವನ್ನ, ಕರಿ ಹೊರಗೆ ಎಂದು ಬತ್ತಿಸ್ತಾ ಕೂಗುತ್ತಿದ್ದ, ಕಣ್ಣಲ್ಲಿ ನೀರು ಸುರಿಯುತ್ತಿತ್ತು. ನಾನು, ಬಾಯಿ ಜಾಸ್ತಿ ಎನ್ನಿಸಿಕೊಂಡವಳು, ಕೈಯಲ್ಲಿ ಎರಡು ತಟ್ಟೆ ಹಿಡಿದುಕೊಂಡು ಕಂಬದ ಹಾಗೆ ನಿಂತಿದ್ದೆ.

ಎರ್ಮಿನಿಯಕ್ಕ ಬಾಗಿಲಿಗೆ ಬಂದಳು. ಅವಳನ್ನು ಕಂಡು ಗದ್ದಲ ಇನ್ನೂ ಜೋರಾಯಿತು. ಅವಳು ಕಾದಳು. ಮುಂದಿನ ಮೇಜಿನವರು ಅವಳ ಮುಖ ನೋಡಿ ಮೊದಲು ಸುಮ್ಮನಾದರು, ಆಮೇಲೆ ಹಿಂದಿನವರು. ಬತ್ತಿಸ್ತಾನಿಗೆ ಮಾತ್ರ ಕೊನೆಗೆ ಅರ್ಥವಾಯಿತು, ಲೋಟ ಎತ್ತಿದ ಕೈ ಹಾಗೇ ಉಳಿಯಿತು.

"ಕೂತ್ಕೊ ಬತ್ತಿಸ್ತಾ. ಅವನು ಬರಲ್ಲ," ಎಂದಳು. "ಕಾಯೋದು ಮುಗೀತು, ಅದಕ್ಕೇ ಹಾಕ್ದೆ."

ಯಾರೂ ಚಮಚ ಎತ್ತಲಿಲ್ಲ.

"ತಿನ್ನಿ, ತಿನ್ನಿ. ಬೆಳ್ಳುಳ್ಳಿ ಹಸೀದು, ಆರಿದ್ರೆ ಚೆನ್ನಾಗಿರಲ್ಲ."

ಬತ್ತಿಸ್ತಾ ಕೂತ. ಒಂದು ತುತ್ತು ಬಾಯಿಗಿಟ್ಟ, ಅಗಿದ, ನಿಲ್ಲಿಸಿದ. "ಇದ್ರಲ್ಲಿ ನಿಂಬೆ ಜೊತೆ ಇನ್ನೇನೋ ಇದೆ, ಎರ್ಮಿನಿಯಕ್ಕಾ," ಎಂದ.

"ಹೂಂ, ಇದೆ," ಎಂದಳು ಅವಳು. "ನಂಗೆ ಗೊತ್ತಿಲ್ಲ ಅಂದ್ಕೊಂಡಿದ್ದ."